ಎಲ್ಲದಕ್ಕೂ ಹೌದು

ನಮ್ಮ ಪಾಲುಪಾರಿಖತ್ತಿನ ಒಂಬತ್ತನೇ ಕಲಮಿನಲ್ಲಿ ಹೀಗೆ ಬರೆದಿದೆ: “ಹಿತ್ತಲ ಬಾವಿ, ರುಬ್ಬುಗುಂಡು, ಹಾಸುನೂಲಿನ ವಾರ್ಪು ಹಾಕುವ ಮಿಷನ್ನು, ದೇವರ ಪೆಟ್ಟಿಗೆ ಇವು ನಾಲ್ಕೂ ಅಣ್ಣತಮ್ಮಂದಿರಿಬ್ಬರಿಗೂ ಸೇರಿದ್ದು. ಇವನ್ನು ಒಬ್ಬರೇ ತೀರ್ಮಾನ ಮಾಡಿ ತೆಗೆಯತಕ್ಕದ್ದಲ್ಲ.” ಕೆಳಗೆ ನರಸಿಂಹಯ್ಯ ಎಂದು ನನ್ನ ಸಹಿ ಇದೆ. ಪಕ್ಕದಲ್ಲಿ ನನ್ನ ತಮ್ಮ ಚೌಡೇಶನ ಸಹಿ. ಈ ಕಲಮಿನಲ್ಲಿ ಕಂಪ್ಯೂಟರ್ ಇಲ್ಲ. ಪಾಲಾದದ್ದು ತೊಂಬತ್ತೆರಡರಲ್ಲಿ. ಆಗ ದೊಡ್ಡಬಳ್ಳಾಪುರದ ನಮ್ಮ ಬೀದಿಯಲ್ಲಿ ಕಂಪ್ಯೂಟರನ್ನು ಯಾರು ನೋಡಿದ್ದರು? ಅದು ಬಂದದ್ದು ತೊಂಬತ್ತೆಂಟರಲ್ಲಿ. ಬಂದ ದಿನವೇ ಪಾರಿಖತ್ತನ್ನು ತೆಗೆದು ಒಂದು ಸಾಲು ಸೇರಿಸಿದ್ದರೆ, ಇದನ್ನು ಬರೆಯುವ ಕರ್ಮ ನನಗೆ ಬರುತ್ತಿರಲಿಲ್ಲ.

ಪಾಲಾದಾಗ ಮನೆಯ ನಡುವೆ ಗೋಡೆ ಎಬ್ಬಿಸಿದೆವು. ಅಡುಗೆಮನೆ ಸೀಳಿ, ಮಗ್ಗದ ಕೊಟ್ಟಿಗೆ ಸೀಳಿ, ಗೋಡೆ ಮುಂಭಾಗದ ಪಡಸಾಲೆಗೆ ಬರುವಷ್ಟರಲ್ಲಿ ಇಟ್ಟಿಗೆ ಮುಗಿಯಿತು. ಸಿಟ್ಟೂ ಮುಗಿದಿತ್ತು. ಹೀಗಾಗಿ ಪಡಸಾಲೆ ಮಾತ್ರ ಇಬ್ಬರಿಗೂ ಉಳಿಯಿತು. ಆ ಕಡೆ ಅವನ ನಾಲ್ಕು ಪವರ್‌ಲೂಮು, ಈ ಕಡೆ ನನ್ನ ನಾಲ್ಕು. ಎಂಟೂ ಒಟ್ಟಿಗೆ ಓಡಿದರೆ ಪಡಸಾಲೆಯಲ್ಲಿ ಕೂತವರು ಕೂಗಿ ಮಾತಾಡಬೇಕು. ನಮ್ಮ ಬೀದಿಯವರಿಗೆಲ್ಲ ದೊಡ್ಡ ಗಂಟಲು ಬಂದಿರುವುದು ಹೀಗೆಯೇ. ನನ್ನದನ್ನು ಮಾತ್ರ ಜನ ಕೋಪ ಎನ್ನುತ್ತಾರೆ.

ಸೀರೆಯ ಅಂಚಿನ ಡಿಸೈನು ಬರೆಸಲು ಆಗ ಡಿಸೈನ್ ಮಾಸ್ತರ ಮನೆ ಮುಂದೆ ದಿನಗಟ್ಟಲೆ ಕಾಯಬೇಕಿತ್ತು. ಸಣ್ಣ ಸಣ್ಣ ಚೌಕಗಳ ಗ್ರಾಫ್ ಹಾಳೆಯಲ್ಲಿ ಅವರು ಒಂದೊಂದೇ ಚೌಕಕ್ಕೆ ಬಣ್ಣ ತುಂಬಿ ಕೊಡುವರು. ಅದನ್ನು ನೋಡಿ ಮಗ್ಗದ ಮೇಲಿನ ಜಕಾರ್ಡಿಗೆ ತೂತಿನ ಕಾರ್ಡು ಹೊಡೆಸಬೇಕು. ಒಂದು ದಿನ ಮಾಸ್ತರು ನನ್ನನ್ನು ಮೂರು ಗಂಟೆ ಕೂರಿಸಿ ಊಟಕ್ಕೆ ಹೋದರು. ನಾನು ಅಲ್ಲೇ ಎದ್ದು ನಿಂತು, ಇನ್ನು ನಿಮ್ಮ ಹೊಸಿಲು ತುಳಿದರೆ ನಾನು ನೇಕಾರನೇ ಅಲ್ಲ ಎಂದು ಅವರ ಹೆಂಡತಿಗೆ ಹೇಳಿ ಬಂದೆ. ಹೇಳಿಯಾದ ಮೇಲೆ ಬೇರೆ ದಾರಿ ನೋಡಲೇಬೇಕಾಯಿತು.

ಯಲಹಂಕದಲ್ಲಿ ಶಶಿಕುಮಾರ್ ಎಂಬ ಹುಡುಗನೊಬ್ಬ ಕಂಪ್ಯೂಟರ್ ಜೋಡಿಸಿ, ಪ್ರೋಗ್ರಾಮನ್ನೂ ತಾನೇ ಬರೆದು ಕೊಡುತ್ತಿದ್ದ. ಚೌಡೇಶನೂ ನಾನೂ ಸೇರಿ ಒಂದನ್ನು ತರಿಸಿ ಪಡಸಾಲೆಯಲ್ಲಿ ಇಟ್ಟೆವು. ನನಗೆ ಸೀರೆ ಡಿಸೈನಿನ ಪ್ರೋಗ್ರಾಮು. ಚೌಡೇಶನಿಗೆ ಮಾವನಿಂದ ಕಲಿತ ಜ್ಯೋತಿಷ್ಯ ಇತ್ತು, ಅವನು ಜಾತಕದ ಪ್ರೋಗ್ರಾಮು ಹಾಕಿಸಿಕೊಂಡ. ಬೆಳಿಗ್ಗೆ ಆರರಿಂದ ಹತ್ತು ಅವನ ಹೊತ್ತು, ಹತ್ತರ ಮೇಲೆ ನನ್ನದು. ನಾನು ಬಾಗಿಲ ಮೇಲೆ ‘ನರಸಿಂಹಯ್ಯ ಕಂಪ್ಯೂಟರ್ ಡಿಸೈನ್ಸ್’ ಎಂದು ಮೂರು ಬಣ್ಣದಲ್ಲಿ ಬೋರ್ಡು ಬರೆಸಿದೆ. ಜಾಗ ಉಳಿಯಿತೆಂದು ಪೇಂಟರು ಕೆಳಗೆ ಸಣ್ಣ ಅಕ್ಷರದಲ್ಲಿ ‘ಜಾತಕವೂ ಉಂಟು’ ಎಂದು ಸೇರಿಸಿದ. ಜನ ಬರುತ್ತಿದ್ದದ್ದೆಲ್ಲ ಸಣ್ಣ ಅಕ್ಷರ ನೋಡಿಕೊಂಡೇ.

ನನ್ನ ಕಂಪ್ಯೂಟರ್ ಜ್ಞಾನದ ಬಗ್ಗೆಯೂ ಹೇಳಿಬಿಡುತ್ತೇನೆ. ನಾನು ಹಳ್ಳಿ ಶಾಲೆಯಲ್ಲಿ ಏಳನೇ ಕ್ಲಾಸು. ಇಂಗ್ಲಿಷ್ ಅಕ್ಷರಗಳು ಒಂದೊಂದಾಗಿ ಬಂದರೆ ಗುರುತಿಸುತ್ತೇನೆ. ಗುಂಪು ಕಟ್ಟಿಕೊಂಡು ಬಂದರೆ ನನಗೆ ಸಿಟ್ಟು ಬರುತ್ತದೆ.

ಮರುವರ್ಷ ನನ್ನ ಮಗಳು ಮಾನಸಳನ್ನು ನೋಡಲು ದೇವನಹಳ್ಳಿ ಕಡೆಯಿಂದ ಒಂದು ಗಂಡು ಬಂತು. ಹುಡುಗನ ಅಪ್ಪ, ಅಮ್ಮ, ಸೋದರಮಾವ ಎಲ್ಲ ಪಡಸಾಲೆಯಲ್ಲಿ ಉಪ್ಪಿಟ್ಟಿನ ತಟ್ಟೆ ಹಿಡಿದು ಕೂತಿದ್ದರು. ಮನೆಯಲ್ಲೇ ಕಂಪ್ಯೂಟರ್ ಇರುವಾಗ ಸಾಲಾವಳಿಗೆ ಬೇರೆಯವರ ಹತ್ತಿರ ಏಕೆ ಹೋಗಬೇಕು ಎಂದು ಅವರ ಎದುರಿಗೇ ಚೌಡೇಶನನ್ನು ಕೂರಿಸಿದ್ದು ನಾನೇ. ನಮ್ಮ ದೌಲತ್ತು ಅವರೂ ನೋಡಲಿ ಎಂದು.

ಚೌಡೇಶ ಎರಡು ಜಾತಕವನ್ನೂ ತುಂಬಿಸಿದ. ಪರದೆಯ ಮೇಲೆ ಹನ್ನೆರಡು ಮನೆಯ ಚೌಕ ಎರಡು ಮೂಡಿದವು. ಸ್ವಲ್ಪ ಹೊತ್ತು ನೋಡಿ, ನನ್ನನ್ನು ಹತ್ತಿರ ಕರೆದ.

“ಅಣ್ಣ, ಹನ್ನೊಂದು ಬಂತು.”

“ಎಷ್ಟಕ್ಕೆ?”

“ಮೂವತ್ತಾರಕ್ಕೆ. ಹದಿನೆಂಟಾದ್ರೂ ಇರ್ಬೇಕು.”

“ಇನ್ನೊಂದು ಏಳು ಸೇರ್ಸು.”

“ಅದೇನು ಸಾರಿಗೆ ಉಪ್ಪೇನಣ್ಣ ಸೇರ್ಸಕ್ಕೆ? ಬಂದದ್ದು ಬಂದ ಹಾಗೆ.”

“ಲೇ, ಮಿಷನ್ ಅರ್ಧ ನಂದು ಕಣೋ. ನನ್ನ ಅರ್ಧದಿಂದ ಏಳು ತಗೊಂಡು ಸೇರ್ಸು.”

ಮಗ್ಗಗಳು ಓಡುತ್ತಿದ್ದರೆ ಇದು ನಮ್ಮಿಬ್ಬರಲ್ಲೇ ಇರುತ್ತಿತ್ತು. ಬೀಗರು ಬರುತ್ತಾರೆಂದು ಎಂಟನ್ನೂ ನಿಲ್ಲಿಸಿದ್ದೆ. ಗಂಟಲು ಮಾತ್ರ ಮಗ್ಗ ಓಡುವಾಗಿನ ಗಂಟಲೇ. ಹುಡುಗನ ಸೋದರಮಾವ ಉಪ್ಪಿಟ್ಟಿನ ತಟ್ಟೆಯನ್ನು ನಿಧಾನವಾಗಿ ಕೆಳಗಿಟ್ಟರು. “ಒಂದು ನಾಕು ದಿನ ಬಿಟ್ಟು ಹೇಳಿ ಕಳಿಸ್ತೀವಿ” ಎಂದರು. ಹಾಗೆಂದರೆ ಏನೆಂದು ಹೆಣ್ಣು ಹೆತ್ತವರಿಗೆ ಯಾರೂ ಬಿಡಿಸಿ ಹೇಳಬೇಕಾಗಿಲ್ಲ.

“ಬಿಡಿ ಅತ್ಲಾಗೆ” ಎಂದಳು ನನ್ನ ಹೆಂಡತಿ ನಾಗಲಕ್ಷ್ಮಮ್ಮ. “ಹುಡುಗಿಗೂ ಮನಸ್ಸಿರಲಿಲ್ಲ.”

“ಅವನು ಮೂಗಲ್ಲಿ ಮಾತಾಡ್ತಾನಪ್ಪ” ಎಂದಳು ಮಾನಸ, ಉಳಿದ ಉಪ್ಪಿಟ್ಟನ್ನು ತಿನ್ನುತ್ತಾ.

ಇಡೀ ಮನೆಯಲ್ಲಿ ಅವಮಾನವಾದದ್ದು ನನಗೊಬ್ಬನಿಗೇ. ಎದುರುಮನೆ ಗಂಗಲಕ್ಷ್ಮಮ್ಮ ಜಗುಲಿಯ ಮೇಲೆ ಕೂತು ರಾಟೆಯಲ್ಲಿ ನೂಲಿನ ಕಂಡಿಕೆ ಸುತ್ತುತ್ತಾ, “ಏನಣ್ಣ, ಹನ್ನೊಂದಂತೆ?” ಎಂದಳು. ನೆಂಟರು ಇನ್ನೂ ಬಸ್‌ಸ್ಟ್ಯಾಂಡ್ ಮುಟ್ಟಿರಲಿಲ್ಲ.

ಮಧ್ಯಾಹ್ನ, ನನ್ನ ಹೊತ್ತಿನಲ್ಲಿ, ಕಂಪ್ಯೂಟರಿನ ಮುಂದೆ ಕೂತೆ. ಬೇಡವಾದ ಪ್ರೋಗ್ರಾಮನ್ನು ತೆಗೆಯುವುದು ಹೇಗೆಂದು ಶಶಿಕುಮಾರ್ ಒಮ್ಮೆ ತೋರಿಸಿದ್ದ. ಜಾತಕವನ್ನು ಹುಡುಕಿ, ತೆಗೆ ಎಂದು ಒತ್ತಿದೆ.

ಕಂಪ್ಯೂಟರ್ ಪರದೆಯ ಮೇಲೆ ಒಂದು ಪೆಟ್ಟಿಗೆ ಎಬ್ಬಿಸಿ ಏನೋ ಕೇಳಿತು. ಹೌದು ಎಂದೆ.

ಇನ್ನೊಂದು ಪೆಟ್ಟಿಗೆ ಎದ್ದು ನಿಂತಿತು. ಈ ಸಲ ಅರ್ಜಿಯಷ್ಟು ಉದ್ದ ಬರಹ. ಕೆಳಗೆ ಶಶಿಕುಮಾರ್ ಹೇಳಿಕೊಟ್ಟಿದ್ದ ನಾಲ್ಕು ಗುಂಡಿ: ಹೌದು, ಎಲ್ಲದಕ್ಕೂ ಹೌದು, ಬೇಡ, ಯಾವುದೂ ಬೇಡ. ಮೇಲಿನ ಅರ್ಜಿಯನ್ನು ನಾನು ಓದಲಿಲ್ಲ. ಓದಬೇಕಾದ ಅಗತ್ಯವೇ ಕಾಣಲಿಲ್ಲ. ನನ್ನ ಮನೆಯ ಕಂಪ್ಯೂಟರು ಚೌಡೇಶನ ಪರ ವಕೀಲಿ ಮಾಡುತ್ತಿದೆ ಎಂದೇ ತಿಳಿದೆ. “ನಿನಗೂ ಅವನೇ ಬೇಕಾ?” ಎಂದು ಎಲ್ಲದಕ್ಕೂ ಹೌದು ಒತ್ತಿದೆ. ಅದು ಬಿಡಲಿಲ್ಲ. ಮೂರನೇ ಸಲ, ಸಣ್ಣದಾಗಿ, ಇನ್ನೊಮ್ಮೆ ಕೇಳಿತು. ನಾನು ಬೆರಳು ನೋಯುವ ಹಾಗೆ ಒತ್ತಿದೆ.

ಮಾರನೆಯ ಬೆಳಿಗ್ಗೆ ಆರಕ್ಕೆ ಚೌಡೇಶ ಬಂದು ಕೂತ. ನಾನು ಮಗ್ಗದ ಮರೆಯಿಂದ ನೋಡುತ್ತಿದ್ದೆ. ಅದನ್ನೂ ಇದನ್ನೂ ಒತ್ತಿ ನೋಡಿದ. ಎದ್ದು ತನ್ನ ಮನೆಯೊಳಗೆ ಹೋದ. ಅಷ್ಟರಲ್ಲಿ ಕರೆಂಟು ಹೋಯಿತು. ಅವನು ಕೈಯಲ್ಲಿ ಏನೋ ಹಿಡಿದು ಬಾಗಿಲವರೆಗೆ ಬಂದವನು ಹಾಗೆಯೇ ಹಿಂದಿರುಗಿದ. ಜಾತಕಕ್ಕೆ ಬಂದಿದ್ದ ಮೂವರನ್ನು ವಾಪಸ್ಸು ಕಳಿಸಿ, ಕಂಪ್ಯೂಟರಿಗೆ ಪ್ಲಾಸ್ಟಿಕ್ ಹೊದಿಕೆ ಹೊದಿಸಿದ. ನನ್ನನ್ನು ಒಂದು ಮಾತೂ ಕೇಳಲಿಲ್ಲ. ಜಗಳಕ್ಕೆ ಸಿದ್ಧವಾಗಿ ನಿಂತವನಿಗೆ ಇದಕ್ಕಿಂತ ದೊಡ್ಡ ಅವಮಾನವಿಲ್ಲ.

ಟ್ರಾನ್ಸ್‌ಫಾರ್ಮರ್ ಸುಟ್ಟು ಬೀದಿಗೆಲ್ಲ ಎರಡು ದಿನ ಕರೆಂಟಿರಲಿಲ್ಲ. ಮೂರನೆಯ ದಿನ ನನ್ನ ಡಿಸೈನ್ ತೆರೆಯಲು ಹೋದೆ. ಮಾವಿನಕಾಯಿ ಅಂಚಿನ ಇಪ್ಪತ್ತನಾಲ್ಕು ಮದುವೆ ಸೀರೆಯ ಆರ್ಡರು ಕೈಯಲ್ಲಿತ್ತು. ಅಂಚು ಅರ್ಧ ಬರೆದಿಟ್ಟಿದ್ದೆ. ಅಂಚು ಬರಲಿಲ್ಲ. ಒಂದು ಪೆಟ್ಟಿಗೆ ಬಂತು. ಅದರಲ್ಲಿದ್ದ ಅಕ್ಷರಗಳನ್ನು ಇದ್ದಿಲಿನಿಂದ ಗೋಡೆಯ ಮೇಲೆ ಒಂದೊಂದಾಗಿ ಬರೆದುಕೊಂಡು ಮಾನಸಳನ್ನು ಕೂಗಿದೆ.

“ಅಪ್ಪ, ಎಸ್‌ಕೆಗ್ರಿಡ್ ಡಿಎಲ್ಎಲ್ ಅಂತ ಒಂದು ಫೈಲ್ ಬೇಕಂತೆ. ಸಿಕ್ತಿಲ್ವಂತೆ.”

“ಮೊದಲು ಇತ್ತಾ?”

“ಇತ್ತು ಅನ್ಸತ್ತೆ. ಮೊನ್ನೆ ತನಕ ಓಪನ್ ಆಗ್ತಿತ್ತಲ್ಲ.”

“ಇದ್ದದ್ದು ಇಲ್ಲ ಅಂದ್ರೆ ತಗೊಂಡವನು ಇರಲೇಬೇಕು.”

ಇದರಲ್ಲಿ ತಪ್ಪೇನಿದೆ, ನೀವೇ ಹೇಳಿ. ನಾನು ತೆಗೆದದ್ದು ಜಾತಕ. ನನ್ನ ಡಿಸೈನನ್ನು ನಾನು ಮುಟ್ಟಿಲ್ಲ. ನಡುವೆ ಕಂಪ್ಯೂಟರಿನ ಮುಂದೆ ಕೂತವನು ಚೌಡೇಶನೊಬ್ಬ. ಸೇಡಿಗೆ ನನ್ನ ಫೈಲನ್ನು ಎತ್ತಿಕೊಂಡು ಹೋಗಿದ್ದಾನೆ. ಅವತ್ತು ಕೈಯಲ್ಲಿ ಹಿಡಿದಿದ್ದದ್ದು ಮತ್ತೇನು?

ಆದರೂ ನಾನು ಕೂಡಲೇ ಅವನ ಮೇಲೆ ಬೀಳಲಿಲ್ಲ. ಮೊದಲು ನನ್ನ ಪ್ರೋಗ್ರಾಮಿನ ಮೂಲ ಫ್ಲಾಪಿ ತೆಗೆದೆ. ಅದನ್ನು ಆಯುಧಪೂಜೆಯ ದಿನ ತೊಳೆದು, ಅರಿಶಿನ ಕುಂಕುಮ ಹಚ್ಚಿ, ಲಾಳಿಯ ಪಕ್ಕದಲ್ಲಿಟ್ಟು ಪೂಜೆ ಮಾಡಿದ್ದೆ. ಹೊಟ್ಟೆಪಾಡಿನ ಸಾಮಾನು, ಪೂಜೆ ಮಾಡದೆ ಇರುವುದುಂಟೆ? ಒಳಗೆ ಹಾಕಿದರೆ ಕಂಪ್ಯೂಟರ್ ಕೆಮ್ಮಿದ ಹಾಗೆ ಸದ್ದು ಮಾಡಿ ಫ್ಲಾಪಿಯನ್ನು ತಿರಸ್ಕರಿಸಿತು.

ಆಮೇಲೆ ಬಸ್‌ಸ್ಟ್ಯಾಂಡ್ ಹತ್ತಿರದ ಟೈಪಿಂಗ್ ಇನ್‌ಸ್ಟಿಟ್ಯೂಟಿಗೆ ಹೋದೆ. ಅಲ್ಲಿ ಹೊಸದಾಗಿ ಒಂದು ಕಂಪ್ಯೂಟರ್ ಇಟ್ಟಿದ್ದರು. “ಡಿಎಲ್ಎಲ್ ಇದೆಯಾ?” ಎಂದು ಕೇಳಿದೆ. “ನೂರಾರು ಇವೆ ಸರ್, ಯಾವುದು ಬೇಕು?” ಎಂದರು. “ಗಟ್ಟಿಯಾಗಿರೋದು ಒಂದು ಹತ್ತು ಹಾಕಿಕೊಡಿ” ಎಂದೆ. ತಂದು ಹತ್ತನ್ನೂ ತುಂಬಿಸಿದೆ. ಹಳೆಯದರ ಮೇಲೆ ಹಾಕಲೇ ಎಂದು ಅದು ಕೇಳಿದಾಗಲೆಲ್ಲ ಹೌದು ಎಂದೆ. ಮೊದಲು ಒಂದೇ ಪೆಟ್ಟಿಗೆ ಬರುತ್ತಿತ್ತು. ಈಗ ಒಂದರ ಹಿಂದೆ ಒಂದು ನಾಲ್ಕು ಬರತೊಡಗಿದವು. ಪ್ರಿಂಟರೂ ನಿಂತುಹೋಯಿತು.

“ಹತ್ತು ಜನ ಅಪರಿಚಿತರನ್ನ ಮನೆ ಒಳಗೆ ಬಿಟ್ಟಂಗಾಯ್ತು” ಎಂದಳು ನಾಗಲಕ್ಷ್ಮಮ್ಮ.

ಈಗ ನಾನು ಪಡಸಾಲೆಯಲ್ಲಿ ನಿಂತು ಗೋಡೆಯ ಆ ಕಡೆಗೆ ಕೂಗಿದೆ.

“ಲೇ ಚೌಡಾ! ನನ್ನ ಫೈಲು ಎಲ್ಲಿಟ್ಟಿದ್ದೀಯೋ?”

ಚೌಡೇಶ ಹೊರಗೆ ಬಂದ. “ಯಾವ ಫೈಲಣ್ಣ?”

“ಗೊತ್ತಿಲ್ಲದವನ ಥರ ಆಡ್ಬೇಡ. ಎಸ್‌ಕೆಗ್ರಿಡ್ಡು. ಇಲ್ಲಿ ಗೋಡೆ ಮೇಲೆ ಬರ್ದಿದ್ದೀನಿ ನೋಡು, ಕಳ್ಳನ ಪಟ್ಟಿ ಥರ.”

“ನಾನು ತಗೊಂಡಿಲ್ಲಣ್ಣ. ಕೂತು ನೋಡೋಣ ಬಾ, ಸರಿಹೋಗತ್ತೆ.”

“ಕಳ್ಳನ ಜೊತೆ ಕೂತು ನೋಡೋದೇನು?”

ಈ ಮಾತು ಬಾಯಿಂದ ಬಿದ್ದಾಗ ಗಂಗಲಕ್ಷ್ಮಮ್ಮನ ಕಂಡಿಕೆ ರಾಟೆ ನಿಂತಿತು. ಮದುವೆಯಾಗಿ ಬಂದಾಗಿನಿಂದ ನಿಲ್ಲದ ರಾಟೆ ಅದು. ಸಂಜೆಯೊಳಗೆ ವಿಷಯ ಬೀದಿಯ ಯಜಮಾನ ಬೈರಣ್ಣನವರ ಕಿವಿಗೆ ಬಿತ್ತು. ಭಾನುವಾರ ಚೌಡೇಶ್ವರಿ ಗುಡಿಯಲ್ಲಿ ಪಂಚಾಯ್ತಿ ಎಂದಾಯಿತು.

ಪಂಚಾಯ್ತಿಗೆ ನಮ್ಮ ಬೀದಿಯವರಲ್ಲದೆ ಪಕ್ಕದ ಬೀದಿಯವರೂ ಬಂದಿದ್ದರು. ಬೈರಣ್ಣನವರಿಗೆ ಎಪ್ಪತ್ತು ವರ್ಷ. ಇಪ್ಪತ್ತು ವರ್ಷದಿಂದ ಮಗ್ಗ, ಮೋರಿ, ಸೊಸೆ ಈ ಮೂರರ ನ್ಯಾಯ ತೀರಿಸಿದವರು. ಕನ್ನಡಕ ಏರಿಸಿಕೊಂಡು ಶುರು ಮಾಡಿದರು.

“ಆ ಫೈಲು ಎಷ್ಟುದ್ದ ಇತ್ತಪ್ಪ ನರಸಿಂಹಯ್ಯ?”

“ಉದ್ದ ಗಿದ್ದ ಇಲ್ಲ ಯಜಮಾನ್ರೇ. ಅದು ಕಣ್ಣಿಗೆ ಕಾಣಲ್ಲ.”

“ಕಣ್ಣಿಗೆ ಕಾಣದ್ದು ಕಳ್ದೋಗಿದೆ ಅಂತ ನಿಂಗೆ ಹೆಂಗೆ ಗೊತ್ತಾಯ್ತು?”

“ಕಂಪ್ಯೂಟರ್ ಹೇಳ್ತು.”

“ಅದು ಸಾಕ್ಷಿಗೆ ಬರ್ತದಾ?”

“ಕರೆಂಟಿದ್ರೆ ಬರ್ತದೆ.”

ಗುಡಿಯಲ್ಲಿ ಪ್ಲಗ್ ಇತ್ತು, ಕರೆಂಟಿರಲಿಲ್ಲ. ಸಾಕ್ಷಿ ಬಿದ್ದುಹೋಯಿತು. ಪಾಲುಪಾರಿಖತ್ತು ತರಿಸಿ ಎಲ್ಲರೆದುರು ಓದಿಸಿದರು. ಬಾವಿ, ರುಬ್ಬುಗುಂಡು, ವಾರ್ಪಿನ ಮಿಷನ್ನು, ದೇವರ ಪೆಟ್ಟಿಗೆ. ಫೈಲು ಇರಲಿಲ್ಲ.

“ಪಾಲಾಗದೆ ಇರೋ ವಸ್ತು. ಯಾರದು ಅಂತ ಹೇಳಕ್ಕಾಗಲ್ಲ” ಎಂದರು ಬೈರಣ್ಣ. “ಇಂಥದೇ ಇನ್ನೊಂದು ತಂದು ಹಾಕಿದ್ರಾಯ್ತಲ್ಲ?”

“ಎಲ್ಲಿಂದ ತರ್ಲಿ? ಕದ್ದವನ ಹತ್ರ ಇದೆ.”

“ಕದ್ದಿದಾನೆ ಅನ್ನಕ್ಕೆ ಏನಿದೆ ನಿನ್ನತ್ರ?”

ನನ್ನ ಹತ್ತಿರ ಏನೂ ಇರಲಿಲ್ಲ. ಏನೂ ಇಲ್ಲದಿದ್ದಾಗ ನನ್ನ ದನಿ ಏರುತ್ತದೆ. “ಹಂಗಾದ್ರೆ ತಾಯಿ ಮುಂದೆ ಆಣೆ ಮಾಡ್ಲಿ!” ಎಂದೆ.

ನಮ್ಮಲ್ಲಿ ಆಣೆ ಎಂದರೆ ಬಾಯಿಮಾತಲ್ಲ. ಅಂಗೈ ಮೇಲೆ ವೀಳ್ಯದೆಲೆ, ಎಲೆಯ ಮೇಲೆ ಕರ್ಪೂರ. ಹಚ್ಚಿ, ಮಾತು ಹೇಳಿ, ಇನ್ನೊಂದು ಅಂಗೈಯಿಂದ ಆರಿಸಬೇಕು. ಆರಿಸಿದ ಮೇಲೆ ಆಣೆ ಕೇಳಿದವನೂ ಮಾಡಿದವನೂ ಒಬ್ಬರ ಮನೆಯಲ್ಲಿ ಇನ್ನೊಬ್ಬರು ನೀರು ಕುಡಿಯುವಂತಿಲ್ಲ. ಎಷ್ಟು ದಿನ ಎಂದು ಯಾರೂ ಹೇಳುವುದಿಲ್ಲ. ಅದಕ್ಕೇ ಒಂದು ತಲೆಮಾರಿನಲ್ಲಿ ಒಬ್ಬರು ಕೇಳಿದರೆ ಹೆಚ್ಚು.

“ಯೋಚ್ನೆ ಮಾಡಿ ಹೇಳು” ಎಂದರು ಬೈರಣ್ಣ.

“ಮಾಡಾಯ್ತು.”

“ಸರಿಯಾಗಿ ಯೋಚ್ನೆ ಮಾಡಿದ್ದೀಯಾ?”

“ಹೌದು ಅಂದ್ನಲ್ಲ!”

“ಮತ್ತೊಂದ್ಸಲ ಕೇಳ್ತೀನಿ. ಒಡಹುಟ್ಟಿದವನು.”

“ಹೌದು, ಹೌದು!”

ಬೈರಣ್ಣ ಚೌಡೇಶನ ಕಡೆ ತಿರುಗಿದರು. “ನೀನೇನಂತೀಯಪ್ಪ? ನಿಂಗೂ ಅವನ ಮೇಲೆ ದೂರಿದ್ರೆ ಹೇಳು. ಅವನ ಕೈಲೂ ಕರ್ಪೂರ ಹಚ್ಚಿಸ್ತೀವಿ.”

ಚೌಡೇಶ ನನ್ನನ್ನು ನೋಡಿದ. ನಾನು ದೀಪದ ಕಂಬದ ಮೇಲಿನ ಎಣ್ಣೆ ಜಿಡ್ಡನ್ನು ನೋಡಿದೆ. ಆ ಜಿಡ್ಡು ಹೇಗಿತ್ತೆಂದು ಇವತ್ತೂ ಹೇಳಬಲ್ಲೆ.

“ನಂದೇನೂ ದೂರಿಲ್ಲ ಯಜಮಾನ್ರೇ. ಅಣ್ಣಂಗೆ ಆಣೆ ಗೀಣೆ ಬೇಡ. ನಾನು ಮಾಡ್ತೀನಿ.”

ಕರ್ಪೂರ ಹಚ್ಚಿದರು. “ಅಣ್ಣನ ಫೈಲು ನಾನು ತಗೊಂಡಿಲ್ಲ ತಾಯಿ” ಎಂದು ಅಂಗೈ ಮುಚ್ಚಿದ. ಎಲ್ಲರೂ ಎದ್ದು ಹೋದರು. ಆಣೆಯಾದ ಮೇಲೆ ಕಾಯಿ ಒಡೆಯುವುದಿಲ್ಲ, ಪ್ರಸಾದ ಕೊಡುವುದಿಲ್ಲ.

ನಾಲ್ಕನೇ ದಿನ ಚೌಡೇಶ ಮಗ್ಗಗಳಿಗೆ ಹಾಳೆ ಹೊದಿಸಿ, ಕೊಟ್ಟಿಗೆಗೆ ಬೀಗ ಹಾಕಿ, ಹೆಂಡತಿ ಭಾಗ್ಯಮ್ಮನನ್ನು ಕರೆದುಕೊಂಡು ಹೊಸಕೋಟೆ ಆಚೆ ಸಮೇತನಹಳ್ಳಿಗೆ, ಮಾವನ ಮನೆಗೆ ಹೊರಟುಹೋದ. ಒಂದೇ ಬಾವಿಯ ನೀರು ಕುಡಿಯುತ್ತಾ ಒಬ್ಬರ ನೀರು ಇನ್ನೊಬ್ಬರು ಮುಟ್ಟದೆ ಇರುವುದು ಹೇಗೆ? ಪಾರಿಖತ್ತು ಬರೆದವನಿಗೆ ಇದು ಹೊಳೆದಿರಲಿಲ್ಲ.

ವಾರದ ಮೇಲೆ ಶಶಿಕುಮಾರ್ ಬಂದ. ಪೆಟ್ಟಿಗೆಗಳನ್ನು ನೋಡಿದ. ನಾನು ಟೈಪಿಂಗ್ ಇನ್‌ಸ್ಟಿಟ್ಯೂಟಿನಿಂದ ತಂದ ಹತ್ತನ್ನು ಹೊರಗೆ ಹಾಕಿ, ಅವುಗಳ ಜಾಗಕ್ಕೆ ಸರಿಯಾದ್ದನ್ನು ಕೂರಿಸಲು ಒಂದು ಗಂಟೆ ಹಿಡಿಯಿತು. ಆಮೇಲೆ ಒಂದೇ ಪೆಟ್ಟಿಗೆ ಉಳಿಯಿತು. ಎಸ್‌ಕೆಗ್ರಿಡ್.

“ಇದು ನಾನೇ ಬರೆದದ್ದು ಸರ್. ಚೌಕ ಎಳೆಯೋ ಫೈಲು. ಜಾತಕಕ್ಕೂ ಚೌಕ ಬೇಕು, ಸೀರೆ ಡಿಸೈನಿಗೂ ಚೌಕ ಬೇಕು. ಎರಡಕ್ಕೂ ಬೇರೆ ಬೇರೆ ಬರೆಯೋದ್ಯಾಕೆ ಅಂತ ಒಂದೇ ಸಲ ಬರೆದು, ಸಿಸ್ಟಮ್ ಅನ್ನೋ ಫೋಲ್ಡರಲ್ಲಿ ಇಟ್ಟಿದ್ದೆ. ಯಾವ ಪ್ರೋಗ್ರಾಮಿಗೆ ಬೇಕೋ ಅದು ಕರ್ಕೊಳ್ಳತ್ತೆ.”

“ಅಂದ್ರೆ ನಮ್ಮ ವಾರ್ಪಿನ ಮಿಷನ್ ಥರ. ಎಂಟು ಮಗ್ಗಕ್ಕೂ ಒಂದೇ.”

“ಅದೇ ಸರ್! ಒಂಥರಾ ಜಂಟಿ ಸಾಮಾನು. ಆದ್ರೆ ಅದು ಹೆಂಗೆ ಹೋಯ್ತು? ಜಾತಕದ ಪ್ರೋಗ್ರಾಮೂ ಕಾಣ್ತಿಲ್ವಲ್ಲ?” ಅವನು ನನ್ನ ಕಡೆ ತಿರುಗಿದ. “ಯಾರಾದ್ರೂ ಅದನ್ನ ತೆಗೆದ್ರಾ?”

ಮಾನಸ ನನ್ನನ್ನೇ ನೋಡುತ್ತಿದ್ದಳು.

“ತೆಗೆಯೋವಾಗ ಏನಾದ್ರೂ ಕೇಳ್ತಾ ಸರ್? ಈ ಫೈಲು ಬೇರೆಯವರಿಗೂ ಬೇಕಾಗಿರಬಹುದು, ತೆಗೆದ್ರೆ ಅವರದು ಕೆಲಸ ಮಾಡದೆ ಇರಬಹುದು ಅಂತ ಕೇಳತ್ತೆ.”

“ಕೇಳ್ತು.”

“ಎಷ್ಟು ಸಲ?”

“ಮೂರು.”

ಶಶಿಕುಮಾರ್ ಕಾಫಿ ಲೋಟ ಎತ್ತಿಕೊಂಡು ಕುಡಿಯತೊಡಗಿದ. ಬಹಳ ಹೊತ್ತು ಕುಡಿದ. ಲೋಟದಲ್ಲಿ ಅಷ್ಟು ಕಾಫಿ ಇರಲಿಲ್ಲ. ಕಿಟಕಿಯ ಆಚೆ ಗಂಗಲಕ್ಷ್ಮಮ್ಮನ ರಾಟೆ ಎರಡನೇ ಸಲ ನಿಂತಿತು.

ಸಂಜೆ ಬೈರಣ್ಣನವರೇ ಕೋಲೂರಿಕೊಂಡು ಬಂದರು. ಒಳಗೆ ಬರಲಿಲ್ಲ, ಬೋರ್ಡಿನ ಕೆಳಗೆ ನಿಂತರು. “ಇದಕ್ಕೆ ಏನು ಶಿಕ್ಷೆ ಕೊಡ್ಬೇಕು ಅಂತ ನನಗೆ ತಿಳೀತಿಲ್ಲ ಕಣಪ್ಪ. ಇಂಥದು ಹಿಂದೆ ಬಂದಿಲ್ಲ” ಎಂದರು. ಬಯ್ದಿದ್ದರೆ ನಾನೂ ಬಯ್ಯಬಹುದಿತ್ತು.

ಶಶಿಕುಮಾರನ ಹತ್ತಿರ ಹಳೆಯ ಎಸ್‌ಕೆಗ್ರಿಡ್ ಉಳಿದಿರಲಿಲ್ಲ. ಹೊಸದೊಂದನ್ನು ಹಾಕಿ ನೋಡಿದ. ಹೆಸರು ಅದೇ. ಆದರೆ ನನ್ನ ಹಳೆಯ ಡಿಸೈನ್ ಅದನ್ನು ಒಪ್ಪಲಿಲ್ಲ. “ಹೆಸರು ಒಂದೇ ಇದ್ರೆ ಸಾಲ್ದು ಸರ್, ಮೊದಲಿಂದ ಜೊತೇಲಿದ್ದದ್ದೇ ಬೇಕು. ನಿಮ್ಮ ಫ್ಲಾಪಿ ಅರಿಶಿನ ಕುಡಿದಿದೆ. ಚೌಡೇಶಣ್ಣನ ಜಾತಕದ ಫ್ಲಾಪೀಲಿ ಅದೇ ಫೈಲು ಇರತ್ತೆ. ಕೇಳಿ ನೋಡಿ” ಎಂದು ಹೇಳಿ ಹೋದ.

ಕೇಳಿ ನೋಡಿ! ಎಷ್ಟು ಸುಲಭವಾಗಿ ಹೇಳಿದ.

ದೇವನಹಳ್ಳಿಗೆ ಒಂದು ಬಸ್ಸು, ಹೊಸಕೋಟೆಗೆ ಇನ್ನೊಂದು, ಸಮೇತನಹಳ್ಳಿಗೆ ಮತ್ತೊಂದು. ಮೂರರಲ್ಲೂ ಕಂಡಕ್ಟರ ಹತ್ತಿರ ಜಗಳವಾಡದೆ ಕೂತಿದ್ದೆ. ಚೌಡೇಶ ಮಾವನ ಮನೆಯ ಜಗುಲಿಯ ಮೇಲಿದ್ದ. ತೊಡೆಯ ಮೇಲೆ ಹಲಗೆ, ಹಲಗೆಯ ಮೇಲೆ ಹಾಳೆ. ಸ್ಕೇಲು ಇಟ್ಟು ಯಾರದೋ ಜಾತಕಕ್ಕೆ ಚೌಕ ಎಳೆಯುತ್ತಿದ್ದ. ಒಂದೊಂದೇ ಗೆರೆ, ಕೈಯಲ್ಲಿ. ಅಂಗೈಯ ನಡುವೆ ಸುಟ್ಟ ಕಲೆ ಇನ್ನೂ ಇತ್ತು.

“ಬಾಣ್ಣ” ಎಂದ. ಜಾಗ ಮಾಡಿಕೊಟ್ಟ.

ಭಾಗ್ಯಮ್ಮ ರೂಢಿಯಂತೆ ನೀರಿನ ಚೊಂಬು ಹಿಡಿದು ಬಂದಳು. ಹೊಸಿಲಲ್ಲಿ ನೆನಪಾಗಿ ನಿಂತಳು. ಕೊಡುವಂತಿಲ್ಲ, ವಾಪಸ್ಸು ಒಯ್ಯುವುದಕ್ಕೂ ಮನಸ್ಸಾಗಲಿಲ್ಲ. ಕೊನೆಗೆ ತುಳಸಿ ಗಿಡಕ್ಕೆ ಸುರಿದು ಒಳಗೆ ಹೋದಳು. ಮೂರು ಬಸ್ಸು ಹತ್ತಿ ಬಂದಿದ್ದ ನನ್ನ ಗಂಟಲು ಒಣಗಿತ್ತು. ತುಳಸಿ ಚೆನ್ನಾಗಿ ಕುಡಿಯಿತು.

“ಆ ಫೈಲು...” ಎಂದೆ.

ನಾನು ಮುಗಿಸುವ ಮೊದಲೇ ಅವನು ಒಳಗೆ ಹೋಗಿ ಫ್ಲಾಪಿ ತಂದ. ರೇಷ್ಮೆ ಬಟ್ಟೆಯ ತುಂಡಿನಲ್ಲಿ ಸುತ್ತಿಟ್ಟಿದ್ದ. “ಅರಿಶಿನ ಹಚ್ಚಬೇಡಣ್ಣ” ಎಂದ.

“ಚೌಡಾ, ನಿನ್ನ ಜಾತಕ ಅಳಿಸಿದ್ದು ನಾನೇ ಕಣೋ. ಆ ಫೈಲೂ ಅದರ ಜೊತೇಲೇ ಹೋಗಿದೆ.”

“ಗೊತ್ತು.”

“ಯಾವತ್ತಿಂದ?”

“ಮಾರನೇ ಬೆಳಿಗ್ಗೆಯಿಂದ. ನಂದು ಇರಲಿಲ್ಲ. ನಿಂದೂ ಓಪನ್ ಮಾಡಿ ನೋಡ್ದೆ, ಅದೂ ಏಳ್ಲಿಲ್ಲ. ನೀನು ನೋಡೋ ಮುಂಚೆ ಸರಿ ಮಾಡಿಬಿಡೋಣ ಅಂತ ಈ ಫ್ಲಾಪಿ ತಗೊಂಡು ಬಂದೆ. ಬಾಗ್ಲ ಹತ್ರ ಬರೋಷ್ಟರಲ್ಲಿ ಕರೆಂಟ್ ಹೋಯ್ತು.”

“ಗುಡೀಲಿ ಯಾಕೋ ಬಾಯಿ ಬಿಡ್ಲಿಲ್ಲ?”

ಅವನು ಸ್ಕೇಲನ್ನು ಸರಿಸಿ ಇನ್ನೊಂದು ಗೆರೆ ಎಳೆದ. “ಬಿಟ್ಟಿದ್ರೆ ನಿನ್ನ ಕೈಲೂ ಕರ್ಪೂರ ಹಚ್ಚಿಸ್ತಿದ್ರು. ಆ ಸಿಟ್ಟಲ್ಲಿ ನೀನು ‘ನಾನೇನೂ ಮಾಡಿಲ್ಲ’ ಅಂತ ತಾಯಿ ಮುಂದೆ ಸುಳ್ಳಾಣೆ ಮಾಡಿ ಆರಿಸಿಬಿಡ್ತಿದ್ದೆ.”

ನನಗೆ ಅಲ್ಲಿಯೂ ಕೋಪ ಬಂತು. “ನನ್ನ ಕಾಪಾಡು ಅಂತ ನಿನಗೆ ಹೇಳಿದ್ದ್ಯಾರೋ?” ಎಂದು ಜಗುಲಿ ಅದುರುವ ಹಾಗೆ ಕೂಗಿದೆ. ಕೂಗಿ ಆದ ಮೇಲೆ, ಮನೆಗೆ ಬಾ ಎಂದು ಹೇಳಬೇಕಿತ್ತು. ಅದನ್ನು ಅದೇ ಗಂಟಲಿನಲ್ಲಿ ಹೇಳಲು ಆಗಲಿಲ್ಲ. ಬೇರೆ ಗಂಟಲು ನನ್ನ ಹತ್ತಿರ ಇರಲಿಲ್ಲ. ನಾಲ್ಕು ಗಂಟೆಯ ಬಸ್ಸಿಗೆ ಹೊರಟು ಬಂದೆ.

ಮಾನಸ ಫೈಲನ್ನು ಅದರ ಜಾಗದಲ್ಲಿ ಹಾಕಿದಳು. ಎರಡು ನಿಮಿಷವೂ ಹಿಡಿಯಲಿಲ್ಲ. ಮಾವಿನಕಾಯಿ ಅಂಚು ಪರದೆಯ ಮೇಲೆ ಬಂತು, ಬಿಟ್ಟಲ್ಲಿಂದಲೇ. ಇಪ್ಪತ್ತನಾಲ್ಕು ಸೀರೆ ನೇಯ್ದು ಕೊಟ್ಟದ್ದಾಯಿತು. ಅದೇ ಫ್ಲಾಪಿಯಿಂದ ಜಾತಕದ ಪ್ರೋಗ್ರಾಮನ್ನೂ ವಾಪಸ್ಸು ಹಾಕಿಸಿದೆ. ಪೇಂಟರನ್ನು ಕರೆಸಿ ‘ಜಾತಕವೂ ಉಂಟು’ ಎಂಬುದನ್ನು ದೊಡ್ಡ ಅಕ್ಷರ ಮಾಡಿಸಿದೆ. ಜನ ಬರುತ್ತಾರೆ, ಚೌಡೇಶ ಇದ್ದಾನಾ ಎಂದು ಕೇಳುತ್ತಾರೆ. ಗಂಗಲಕ್ಷ್ಮಮ್ಮ ಎದುರಿನಿಂದಲೇ “ಇಲ್ಲ” ಎಂದು ಉತ್ತರ ಕೊಟ್ಟು ಕಳಿಸುತ್ತಾಳೆ.

ಬೆಳಿಗ್ಗೆ ಆರರಿಂದ ಹತ್ತರವರೆಗೆ ನಾನು ಕಂಪ್ಯೂಟರಿನ ಹೊದಿಕೆ ತೆಗೆಯುವುದಿಲ್ಲ. ಅದು ಅವನ ಹೊತ್ತು.

ದೀಪಾವಳಿ ಆದ ಮೇಲೆ ಒಂದು ಮಧ್ಯಾಹ್ನ ಜಾತಕದ ಪ್ರೋಗ್ರಾಮು ತೆರೆದು, ನನ್ನದೂ ಚೌಡೇಶನದೂ ಹುಟ್ಟಿದ ದಿನ ಹಾಕಿ ಸಾಲಾವಳಿ ನೋಡಿದೆ. ವರ ಯಾರು, ವಧು ಯಾರು ಎಂದು ಅದು ಕನ್ನಡದಲ್ಲೇ ಕೇಳಿತು. ಈಗ ಅದು ಕೇಳಿದ್ದನ್ನೆಲ್ಲ ನಾನು ಓದುತ್ತೇನೆ. ಯೋಚಿಸಿ, ಮನೆ ಬಿಟ್ಟು ಹೋದವನು ಅವನಾದ್ದರಿಂದ ಅವನನ್ನೇ ವಧು ಮಾಡಿದೆ. ಹುಟ್ಟಿದ ಗಳಿಗೆ ಕೇಳಿತು. ಅವನದು ಅವನ ಜಾತಕದಲ್ಲಿತ್ತು. ನನ್ನದು ಗೊತ್ತಿರಲಿಲ್ಲ, ಬೆಳಿಗ್ಗೆ ಆರು ಎಂದು ಹಾಕಿದೆ. ಇಪ್ಪತ್ತೇಳು ಬಂತು. ಮೂವತ್ತಾರಕ್ಕೆ ಇಪ್ಪತ್ತೇಳು! ‘ಉತ್ತಮ ಹೊಂದಾಣಿಕೆ, ಮುಂದುವರಿಯಬಹುದು’ ಎಂದು ಅದೇ ಬರೆದುಕೊಂಡಿತು. ಪ್ರಿಂಟು ತೆಗೆದು, ಒಂದು ಅಕ್ಷರವನ್ನೂ ಸೇರಿಸದೆ, ಕವರಿನಲ್ಲಿ ಹಾಕಿ ಸಮೇತನಹಳ್ಳಿಗೆ ಪೋಸ್ಟು ಮಾಡಿದೆ.

ಹದಿನೈದು ದಿನಕ್ಕೆ ಅದೇ ಹಾಳೆ ವಾಪಸ್ಸು ಬಂತು. ಹಿಂಬದಿಯಲ್ಲಿ ಕೈಯಲ್ಲೇ ಎಳೆದ ಎರಡು ಚೌಕ. ಕೆಳಗೆ ಅವನ ಬರಹ.

“ಅಣ್ಣನಿಗೆ ನಮಸ್ಕಾರ. ನೀನು ಹುಟ್ಟಿದ್ದು ಬೆಳಿಗ್ಗೆ ಆರಕ್ಕಲ್ಲ. ಅಪ್ಪ ಮಗ್ಗ ನಿಲ್ಲಿಸಿ ದೀಪ ಹಚ್ಚುವ ಹೊತ್ತಿಗೆ ಎಂದು ಅಮ್ಮ ನನಗೆ ಹೇಳಿದ್ದಳು. ಸರಿಯಾದ ಗಳಿಗೆ ಹಾಕಿದರೆ ಹನ್ನೊಂದು ಬರುತ್ತದೆ. ಬಂದದ್ದು ಬಂದ ಹಾಗೆ. ಅತ್ತಿಗೆಗೆ ನಮಸ್ಕಾರ, ಮಾನಸಳಿಗೆ ಆಶೀರ್ವಾದ.”

ಬರುತ್ತೇನೆ ಎಂದು ಎಲ್ಲಿಯೂ ಬರೆದಿರಲಿಲ್ಲ. ಹಾಳೆಯನ್ನು ತಿರುಗಿಸಿ ನೋಡಿದೆ. ಮಾನಸಳಿಂದಲೂ ಓದಿಸಿದೆ. ಅವಳು ಎರಡು ಸಲ ಓದಿ, ಇಷ್ಟೇ ಅಪ್ಪ ಎಂದಳು.

ಅವತ್ತು ಸಂಜೆ ದೀಪ ಹಚ್ಚುವ ಹೊತ್ತಿಗೆ ನಾಲ್ಕು ಮಗ್ಗವನ್ನೂ ನಿಲ್ಲಿಸಿ ಪಡಸಾಲೆಯಲ್ಲಿ ಕೂತೆ. ಏನಾಯಿತೆಂದು ಎದುರಿನಿಂದ ಗಂಗಲಕ್ಷ್ಮಮ್ಮ ಕೂಗಿ ಕೇಳಿದಳು. ನಾನು ಕೈ ಆಡಿಸಿದೆ. ಹನ್ನೊಂದಕ್ಕೆ ಇನ್ನೊಂದು ಏಳು ಸೇರಿಸು ಎಂದು ಈಗ ಯಾರಿಗೆ ಹೇಳಲಿ?